ಪೇಟದ ಸಾಬ್ರು

ಶಿವಮೊಗ್ಗ-ಭದ್ರಾವತಿ ರಸ್ತೆಯ ಮಲವಗೊಪ್ಪದಲ್ಲಿ ನಮ್ಮದೊಂದು ಲೇತ್ ಅಂಗಡಿ ಇದೆ. ಇಬ್ಬರ ಪಾಲಿನದು. ಲೇತ್ ನನ್ನದು, ವೆಲ್ಡಿಂಗ್ ಗೆಳೆಯನದು. ಅಡಿಕೆ ಸುಲಿಯುವ ಮಿಷನ್ನಿನ ಶಾಫ್ಟ್ ಸವೆದರೆ, ಟಿಲ್ಲರಿನ ಬುಷ್ ಕಿತ್ತು ಬಂದರೆ, ಕುಂಸಿಯಾಚೆಯ ರೈತರೂ ಹುಡುಕಿಕೊಂಡು ನಮ್ಮಲ್ಲಿಗೇ ಬರುತ್ತಾರೆ. ಬಂದವರು ಬಾಗಿಲಲ್ಲಿ ನಿಂತು ಒಳಗೆ ಇಣುಕುತ್ತಾರೆ. ಒಬ್ಬ ಗಡ್ಡದವನು, ತಲೆಯ ಮೇಲೆ ಬಿಳಿ ಟೋಪಿ. ಇನ್ನೊಬ್ಬನೂ ಗಡ್ಡದವನೇ, ತಲೆಯ ಮೇಲೆ ಆರು ಗಜದ ಬಟ್ಟೆ. ಯೋಚನೆ ಮಾಡಲು ಅವರಿಗೆ ಪುರುಸೊತ್ತಿಲ್ಲ, ಮನೆಯಲ್ಲಿ ಅಡಿಕೆಯ ಕೊನೆಕೊಯ್ಲಿನ ಗಡಿಬಿಡಿ. ಹಾಗಾಗಿ ಗೆಳೆಯ ಟೋಪಿ ಸಾಬ್ರು, ನಾನು ಪೇಟದ ಸಾಬ್ರು. ಅಂಗಡಿಗೆ ನಾವಿಟ್ಟ ಹೆಸರು ಬೋರ್ಡಿನ ಮೇಲೆ ಮಾತ್ರ ಉಳಿದಿದೆ.

ನಾನು ಸಿಖ್ಖ. ಮೊದಮೊದಲು ಇದನ್ನು ಬಂದವರಿಗೆಲ್ಲ ಬಿಡಿಸಿ ಹೇಳುತ್ತಿದ್ದೆ. ನನಗೆ ಕೋಪ ಮೂಗಿನ ತುದಿಯಲ್ಲೇ ಇರುತ್ತದೆ, ಹೇಳುವಾಗ ದನಿ ಏರುತ್ತಿತ್ತು. ಒಮ್ಮೆ ಕುಂಸಿ ಕಡೆಯ ಹಿರಿಯರೊಬ್ಬರು ನನ್ನ ಉಪನ್ಯಾಸವನ್ನೆಲ್ಲ ತಾಳ್ಮೆಯಿಂದ ಕೇಳಿದರು. ಕೊನೆಗೆ, "ಹಂಗಾದ್ರೆ ನೀವು ಸಾಬ್ರಲ್ಲ. ಮತ್ತೇನು?" ಎಂದರು.

"ಸರ್ದಾರ್ ಅಂತಾರೆ ನಮಗೆ," ಅಂದೆ.

"ಅದೇ ಮತ್ತೆ ಮಾರಾಯ್ರೆ! ನಮ್ಮೂರಲ್ಲೂ ಒಬ್ರು ಸರ್ದಾರ್ ಸಾಬ್ರು ಇದಾರೆ. ಕೋಳಿ ಅಂಗಡಿ. ನಿಮಗೇನಾಗ್ಬೇಕು ಅವ್ರು?"

ವೆಲ್ಡಿಂಗ್ ಗಾಜನ್ನು ಮುಖಕ್ಕೆ ಹಿಡಿದುಕೊಂಡೇ ಗೆಳೆಯ ನಕ್ಕು ನಕ್ಕು ಕೆಳಗೆ ಕೂತ. ಅವತ್ತಿನಿಂದ ನಾನು ವಿವರಣೆ ಕೊಡುವುದನ್ನು ಬಿಟ್ಟೆ. ದಿನಾ ಬೆಳಿಗ್ಗೆ ಶಟರ್ ಎತ್ತುವಾಗ ಅವನು, "ಸಲಾಂ, ಪೇಟದ ಸಾಬ್ರೆ," ಅನ್ನುವುದು, ನಾನು, "ನಮಸ್ಕಾರ, ಟೋಪಿ ಸಾಬ್ರೆ," ಅನ್ನುವುದು ರೂಢಿಯಾಯಿತು. ಹದಿನೈದು ವರ್ಷ ಹಾಗೇ ನಡೆಯಿತು.

ನಾವಿಬ್ಬರೂ ಭದ್ರಾವತಿಯವರು. ನನ್ನ ಅಪ್ಪ ಪಂಜಾಬಿನಿಂದ ಬಂದು ಅಲ್ಲಿಯ ಕಾರ್ಖಾನೆಯ ಫೌಂಡ್ರಿಗೆ ಸೇರಿದವನು, ಮತ್ತೆ ತಿರುಗಿ ಹೋಗಲಿಲ್ಲ. ಕ್ವಾರ್ಟರ್ಸಿನಲ್ಲಿ ನಮ್ಮ ಎಡಕ್ಕೆ ತಮಿಳರು, ಬಲಕ್ಕೆ ತೆಲುಗರು, ಹಿಂದಿನ ಸಾಲಿನಲ್ಲಿ ಗೆಳೆಯನ ಮನೆ. ಬೀಜಿ, ಅಂದರೆ ನನ್ನ ಅಮ್ಮ, ಕನ್ನಡ ಕಲಿತದ್ದು ತಮಿಳು ನೆರೆಯವರಿಂದ. ಹೀಗಾಗಿ ಅವಳು ಆಡುವ ಭಾಷೆ ಜಗತ್ತಿನಲ್ಲಿ ಅವಳೊಬ್ಬಳದೇ. "ವಾ ಪುತ್ತರ್, ಕೂತ್ಕೋ, ಬಿಸಿ ರೊಟ್ಟಿ ಇದೆ," ಅನ್ನುತ್ತಾಳೆ. ಬಾ ಅನ್ನುವುದಕ್ಕೆ ತಮಿಳು, ಮಗನೇ ಅನ್ನುವುದಕ್ಕೆ ಪಂಜಾಬಿ, ಉಳಿದದ್ದು ಕನ್ನಡ. ಈ 'ವಾ ಪುತ್ತರ್' ಎಂದು ಅವಳು ಕರೆದದ್ದರಲ್ಲಿ ಅರ್ಧ ನನಗೆ, ಅರ್ಧ ಗೆಳೆಯನಿಗೆ. ಶಾಲೆ ಬಿಟ್ಟ ಮೇಲೆ ಅವನು ತನ್ನ ಮನೆಗೆ ಹೋಗುವ ಮೊದಲು ನಮ್ಮ ಮನೆಯಲ್ಲಿ ಎರಡು ರೊಟ್ಟಿ ತಿಂದು ಹೋಗುತ್ತಿದ್ದ. ಅಲ್ಲಿ ಹೋಗಿ ಊಟ ಬೇಡ ಅನ್ನುತ್ತಿದ್ದ, ಅವನ ಅಮ್ಮ ಬಂದು ನನ್ನ ಅಮ್ಮನ ಜೊತೆ ಜಗಳವಾಡುತ್ತಿದ್ದಳು.

ಪೇಟ ಸುತ್ತುವ ಮೊದಲು ಬಟ್ಟೆಯನ್ನು ಉದ್ದಕ್ಕೂ ಎಳೆದು ಮಡಿಸಬೇಕು. ಅದಕ್ಕೆ ಎರಡು ಜನ ಬೇಕು, ಒಂದೊಂದು ತುದಿಗೆ ಒಬ್ಬೊಬ್ಬರು. ಮಳೆಗಾಲದಲ್ಲಿ ಬೈಕಿನಲ್ಲಿ ಬಂದು ಪೇಟ ನೆನೆದು ತೊಪ್ಪೆಯಾದರೆ ಅಂಗಡಿಯಲ್ಲೇ ಇನ್ನೊಂದು ಸುತ್ತಿಕೊಳ್ಳಬೇಕಾಗುತ್ತಿತ್ತು. ಆಗ ಇನ್ನೊಂದು ತುದಿ ಹಿಡಿಯುವವನು ಗೆಳೆಯ. "ಎಳಿ, ಎಳಿ, ಇನ್ನೂ ಟೈಟ್," ಅಂದರೆ, "ನಿಂದು ತಲೆನೋ, ಟ್ರಾಕ್ಟರ್ ಬೆಲ್ಟೋ," ಅನ್ನುತ್ತಾ ಎಳೆಯುತ್ತಿದ್ದ. ನನ್ನ ಹೆಂಡತಿಗಿಂತ ಅವನ ಮಡಿಕೆ ನೇರ. ಇದನ್ನು ಹೆಂಡತಿಯ ಎದುರಿಗೆ ಹೇಳಿಲ್ಲ.

ಒಂದು ನವೆಂಬರಿನಲ್ಲಿ ನಮ್ಮ ರಸ್ತೆಯ ಕನ್ನಡ ಸಂಘದವರು ನನ್ನನ್ನು ಸನ್ಮಾನಕ್ಕೆ ಕರೆದರು. ಹೊರಗಿನಿಂದ ಬಂದು ಇಷ್ಟು ಚಂದ ಕನ್ನಡ ಮಾತಾಡುತ್ತೀರಿ ಅಂತ. ಹುಟ್ಟಿದ್ದು ಭದ್ರಾವತಿಯ ಆಸ್ಪತ್ರೆಯಲ್ಲಿ, ಹೊರಗಿನಿಂದ ಬಂದದ್ದು ಯಾವಾಗ ಅಂತ ಕೇಳಬೇಕೆಂದಿದ್ದೆ, ಗೆಳೆಯ ಅಂಗಿ ಜಗ್ಗಿ ಸುಮ್ಮನಾಗಿಸಿದ. ಶಾಲು ಹೊದಿಸಿದರು, ಹಾರ ಹಾಕಿದರು, ಹಣ್ಣಿನ ಬುಟ್ಟಿ ಕೊಟ್ಟರು. ಕೊನೆಗೆ ಅಧ್ಯಕ್ಷರು ಜರಿಯಂಚಿನ ಮೈಸೂರು ಪೇಟವನ್ನು ಎರಡೂ ಕೈಯಲ್ಲಿ ಎತ್ತಿ ಹಿಡಿದು ನನ್ನ ತಲೆಯ ಹತ್ತಿರ ತಂದು ನಿಂತುಬಿಟ್ಟರು. ಪೇಟದ ಮೇಲೆ ಪೇಟ ಕೂರುವುದಿಲ್ಲ. ಅಲ್ಲಿಯವರೆಗೆ ಅದು ಯಾರಿಗೂ ಹೊಳೆದಿರಲಿಲ್ಲ. ಫೋಟೋದವನು "ಸ್ಮೈಲ್ ಸಾರ್" ಅನ್ನುತ್ತಿದ್ದಾನೆ, ಪೇಟ ಇನ್ನೂ ಗಾಳಿಯಲ್ಲೇ ಇದೆ. ನಾನು ಪಕ್ಕದಲ್ಲಿದ್ದ ಗೆಳೆಯನ ಕಡೆ ತೋರಿಸಿದೆ. ಅವರು ಬದುಕಿದೆಯಾ ಬಡಜೀವವೇ ಅಂತ ಅವನ ಟೋಪಿಯ ಮೇಲೇ ಅದನ್ನು ಕೂರಿಸಿದರು. ಚಪ್ಪಾಳೆ ಬಿತ್ತು. ಅವನು ನನ್ನ ಕಿವಿಯಲ್ಲಿ, "ಈಗ ನಾನೂ ಪೇಟದ ಸಾಬ್ರೇ ಕಣೋ," ಎಂದ.

ಇಷ್ಟೆಲ್ಲ ಹೇಳಿದ್ದು ಯಾಕೆಂದರೆ, ಮುಂದೆ ನಾನು ಮಾಡಿದ ಕೆಲಸ ಎಂಥವನಿಗೆ ಮಾಡಿದ್ದು ಅನ್ನುವುದು ಓದುವವರಿಗೆ ಗೊತ್ತಿರಲಿ ಅಂತ.

ಹೋದ ವರ್ಷ ಬೀಜಿಗೆ ಲಕ್ವ ಹೊಡೆಯಿತು. ಮಾತು ಉಳಿಯಿತು, ಬಲಗಾಲು ಹೋಯಿತು. ದಿನ ಬಿಟ್ಟು ದಿನ ಫಿಸಿಯೋಥೆರಪಿ ಮಾಡಿಸಿದರೆ ಕಾಲು ಬರುತ್ತದೆ ಅಂದರು ಡಾಕ್ಟರು. ಅದು ಇದ್ದದ್ದು ಶಿವಮೊಗ್ಗದ ರವೀಂದ್ರನಗರದಲ್ಲಿ. ಭದ್ರಾವತಿಯಿಂದ ಅವಳನ್ನು ಕಾರಿಗೆ ಎತ್ತಿ ಕೂರಿಸಿ, ಇಳಿಸಿ, ಮತ್ತೆ ಎತ್ತಿ, ಮನೆ ಮುಟ್ಟುವಷ್ಟರಲ್ಲಿ ವ್ಯಾಯಾಮದಿಂದ ಬಂದ ಚೂರುಪಾರು ಶಕ್ತಿಯೂ ಇಳಿದುಹೋಗುತ್ತಿತ್ತು. ಹೆಂಡತಿ ಕುಂಸಿಯಲ್ಲಿ ಟೀಚರ್, ಅವಳಿಗೂ ಶಿವಮೊಗ್ಗವೇ ಹತ್ತಿರ. ಮೆಟ್ಟಿಲಿಲ್ಲದ ಒಂದು ಬಾಡಿಗೆ ಮನೆ ನೋಡಿದರೆ ಆಯಿತು ಅಂದುಕೊಂಡೆವು.

ಮನೆಗಳೇನೋ ಇದ್ದವು. ನನ್ನನ್ನು ನೋಡಿದ ಮೇಲೆ ಇರುತ್ತಿರಲಿಲ್ಲ. ಒಬ್ಬರು ಬೋರ್ಡು ತೆಗೆಯುವುದು ಮರೆತುಹೋಗಿತ್ತು ಅಂದರು. ಇನ್ನೊಬ್ಬರು ಮಜ್ಜಿಗೆ ಕೊಟ್ಟು, ಮಗಳು ಬರುವವಳಿದ್ದಾಳೆ ಅಂದರು. ಮತ್ತೊಬ್ಬರು, "ನೀವೇನೋ ಒಳ್ಳೆಯವ್ರೇ ಇರ್ಬಹುದು, ಆ ಗಡ್ಡ ಒಂದು ತೆಗೆಯೋಕಾಗಲ್ವಾ?" ಎಂದು ನಿಜವಾದ ಕಾಳಜಿಯಿಂದಲೇ ಕೇಳಿದರು. ಹೀಗೆ ಆರು ಮನೆ. ಪ್ರತಿಸಲ ತಿರುಗಿ ಬಂದಾಗಲೂ ಬೀಜಿ, "ಸಿಕ್ತಾ?" ಅನ್ನುವಳು. ಅವಳ ಕಾಲು ದಿನದಿಂದ ದಿನಕ್ಕೆ ಮರಗಟ್ಟುತ್ತಿತ್ತು.

ಏಳನೆಯದಕ್ಕೆ ಮೊದಲು ಫೋನ್ ಮಾಡಿದೆ. ನಿವೃತ್ತ ಶಿಕ್ಷಕಿಯೊಬ್ಬರ ಮನೆ. ಒಂದೇ ಕಾಂಪೌಂಡಿನಲ್ಲಿ ಅವರ ಮನೆ, ಪಕ್ಕದಲ್ಲಿ ಬಾಡಿಗೆಗೆ ಕಟ್ಟಿಸಿದ್ದು ಎರಡು, ಕೆಳಗೊಂದು, ಮೇಲೊಂದು. ಎರಡೂ ಖಾಲಿ. ನನ್ನ ಕನ್ನಡ ಕೇಳಿ ಅವರಿಗೆ ಬಹಳ ಖುಷಿಯಾಯಿತು. "ಭದ್ರಾವತಿಯವ್ರಾ? ನಮ್ಮನೆಯವ್ರೂ ಅಲ್ಲೇ ಹತ್ತು ವರ್ಷ ಕೆಲ್ಸದಲ್ಲಿದ್ರು. ಬನ್ನಿ, ಈಗ್ಲೇ ಬನ್ನಿ," ಅಂದರು.

ಎರಡೂ ಖಾಲಿ ಅನ್ನುವುದನ್ನು ಕೇಳಿದ ಗೆಳೆಯ ವೆಲ್ಡಿಂಗ್ ಗನ್ ಕೆಳಗಿಟ್ಟ. ಅವನ ಮಗಳು ಶಿವಮೊಗ್ಗದಲ್ಲಿ ಕಾಲೇಜು ಓದುತ್ತಿದ್ದಳು. ಭದ್ರಾವತಿಯಿಂದ ದಿನಾ ಬೆಳಿಗ್ಗೆ ಬಸ್ಸಿನಲ್ಲಿ ನಿಂತೇ ಬರಬೇಕು. "ಕೆಳಗೆ ನೀವು, ಮೇಲೆ ನಾವು. ಬೀಜಿ ಕೈ ರೊಟ್ಟಿ ಮತ್ತೆ ಶುರು," ಎಂದ. ಬಚ್ಚಲಿಗೆ ಹೋಗಿ ಮೊಣಕೈವರೆಗೆ ಸೋಪು ಹಚ್ಚಿ ತೊಳೆದುಕೊಂಡು, ಒಗೆದಿಟ್ಟ ಬೇರೆ ಟೋಪಿ ಹಾಕಿಕೊಂಡು ಬಂದ. ಮೊದಲು ಕೆಳಗಿನ ಮನೆ ಮಾತಾಡುವುದು, ಆಮೇಲೆ ಮೇಲಿನದನ್ನು ಕೇಳುವುದು ಅಂತ ದಾರಿಯಲ್ಲಿ ತೀರ್ಮಾನ ಮಾಡಿಕೊಂಡೆವು. ಬೈಕ್ ಅವನೇ ಓಡಿಸಿದ.

ಮನೆಯಮ್ಮ ಗೇಟಿನವರೆಗೆ ಬಂದರು. ನಮ್ಮಿಬ್ಬರನ್ನೂ ನೋಡಿದರು. ಚಿಲಕದ ಮೇಲಿದ್ದ ಕೈ ಅಲ್ಲೇ ನಿಂತಿತು.

"ಯಾರು ಬೇಕಿತ್ತು?"

"ಈಗ ಫೋನಲ್ಲಿ ಮಾತಾಡಿದ್ನಲ್ಲಮ್ಮ, ಭದ್ರಾವತಿಯವ್ನು."

"ಅದು ನೀವಾ?" ಅಂದರು. ಅವರಿಗೆ ನಿಜವಾಗಿಯೂ ಸಂಕಟವಾಯಿತು, ಮುಖದಲ್ಲೇ ಕಾಣುತ್ತಿತ್ತು. "ಬೇಜಾರು ಮಾಡ್ಕೋಬೇಡಿ. ನಾವು ಸಾಬ್ರಿಗೆ ಕೊಡಲ್ಲಪ್ಪ."

ಸಾರಿಗೆ ಉಪ್ಪು ಸ್ವಲ್ಪ ಹೆಚ್ಚಾಗಿದೆ ಅನ್ನುವಷ್ಟು ಮೆಲ್ಲಗೆ ಹೇಳಿದರು. ಆ ಕ್ಷಣದಲ್ಲಿ ನನ್ನ ಕಣ್ಣಿಗೆ ಕಂಡದ್ದು ಅವರ ಹಿಂದಿದ್ದ ಕೆಳಗಿನ ಮನೆಯ ಹೊಸ್ತಿಲು. ಒಂದೇ ಒಂದು ಮೆಟ್ಟಿಲೂ ಇರಲಿಲ್ಲ. ಹದಿನೈದು ವರ್ಷ ಯಾವ ರೈತನಿಗೂ ಹೇಳದ ಮಾತನ್ನು ನಾನು ಬಾಯಿಬಿಟ್ಟು ಹೇಳಿದೆ.

"ಅಯ್ಯೋ ಅಮ್ಮಾ, ನಾನು ಸಾಬ್ರಲ್ಲ! ಸರ್ದಾರ್ಜಿ, ಪಂಜಾಬಿನವ್ರು. ನಮ್ದೇ ಬೇರೆ, ಅವ್ರದೇ ಬೇರೆ."

ಹೇಳುವಾಗ ಅರ್ಧ ಹೆಜ್ಜೆ ಮುಂದಕ್ಕೂ ಇಟ್ಟಿದ್ದೆ. ಗೆಳೆಯ ನನ್ನ ಹಿಂದಾದ. ಅಮ್ಮನ ಮುಖ ಅರಳಿತು. ಚಿಲಕ ತೆಗೆಯುತ್ತ ಕತ್ತು ಓರೆ ಮಾಡಿ ಕೇಳಿದರು: "ಇವ್ರು?"

"ಇವ್ರು ಜೊತೆಗೆ ಬಂದಿದಾರೆ. ಅಷ್ಟೆ."

ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ಬೆನ್ನ ಹಿಂದಿನಿಂದ ಗೆಳೆಯನ ದನಿ ಬಂತು. "ನೀನ್ ನೋಡ್ಕೊಂಡ್ ಬಾ. ನಾನು ಇಲ್ಲೇ ಬೈಕ್ ಹತ್ರ ಇರ್ತೀನಿ." ದನಿಯಲ್ಲಿ ಏನೂ ಇರಲಿಲ್ಲ. ನಾನು ತಿರುಗಿ ಅವನ ಮುಖ ನೋಡದೆ ಒಳಗೆ ಹೋದೆ.

ಮನೆ ಚೆನ್ನಾಗಿತ್ತು. ಬಚ್ಚಲಿಗೂ ಮೆಟ್ಟಿಲಿಲ್ಲ, ಕಿಟಕಿಯಿಂದ ಬಿಸಿಲು ಬೀಳುತ್ತಿತ್ತು. ಅಮ್ಮ ಸ್ಟೀಲ್ ಲೋಟದಲ್ಲಿ ಕಾಫಿ ಕೊಟ್ಟರು. "ಪಾಪ, ಅವ್ರಿಗೂ ಒಂದಿಷ್ಟು ಕೊಡ್ಬೇಕು," ಅಂತ ಫ್ರಿಜ್ಜಿನ ಮೇಲೆ ಕೈಯಾಡಿಸಿ, ಯಾವುದೋ ಹುಟ್ಟುಹಬ್ಬದಲ್ಲಿ ಉಳಿದ, ಬಲೂನಿನ ಚಿತ್ರವಿರುವ ಕಾಗದದ ಲೋಟ ಹುಡುಕಿ ತೆಗೆದರು. ಅದನ್ನು ಗೇಟಿನ ಹೊರಗೆ ತೆಗೆದುಕೊಂಡು ಹೋಗಿ ಕೊಟ್ಟವನು ನಾನೇ. ಅವನು ಬೈಕಿಗೆ ಒರಗಿ ನಿಧಾನವಾಗಿ ಕುಡಿದು ಮುಗಿಸಿದ. "ಕಾಫಿ ಬಹಳ ಚೆನ್ನಾಗಿತ್ತಮ್ಮಾ," ಅಂತ ಅಲ್ಲಿಂದಲೇ ಕೂಗಿ ಹೇಳಿದ. ಅಮ್ಮ ಒಳಗಿನಿಂದ, "ಸಂತೋಷಪ್ಪ," ಅಂದರು.

ತಿರುಗಿ ಬರುವಾಗ ಅವನು ಕೇಳಿದ್ದು ಎರಡೇ ಪ್ರಶ್ನೆ. "ಮೆಟ್ಟಿಲಿಲ್ಲ ತಾನೆ?" ಅಂದ. ಇಲ್ಲ ಅಂದೆ. "ಫಿಸಿಯೋಗೆ ವೀಲ್‌ಚೇರಲ್ಲೇ ಹೋಗ್ಬಹುದಾ?" ಅಂದ. ಹೋಗಬಹುದು ಅಂದೆ. "ಬೀಜಿಗೆ ಒಳ್ಳೇದಾಯ್ತು ಬಿಡು," ಎಂದು ಗೇರು ಬದಲಿಸಿದ. ಮೇಲಿನ ಮನೆಯ ಮಾತು ಅವನೂ ಎತ್ತಲಿಲ್ಲ, ನಾನೂ ಎತ್ತಲಿಲ್ಲ.

ಸಾಮಾನು ಸಾಗಿಸುವ ದಿನ ನಮ್ಮ ಅಂಗಡಿಯ ಹಳೆಯ ಓಮ್ನಿಯಲ್ಲಿ ಅವನೇ ಮೂರು ಸಲ ಓಡಾಡಿದ. ಬೀಜಿಯ ಮಂಚ, ಅಕ್ಕಿ ಡಬ್ಬ, ಅವಳು ದಿನಾ ಓದುವ ಪ್ರಾರ್ಥನೆಯ ಪುಸ್ತಕ, ಎಲ್ಲ ಅವನ ಕೈಯಿಂದಲೇ ಇಳಿದವು. ಇಳಿದದ್ದು ಗೇಟಿನವರೆಗೆ. ಅಲ್ಲಿಂದ ಒಳಕ್ಕೆ ನಾನು ಹೊತ್ತೆ. ಬೀಜಿ ಒಳಗಿನಿಂದ, "ವಾ ಪುತ್ತರ್, ಚಾ ಕುಡಿ," ಅಂದಳು. "ಇನ್ನೊಂದ್ ಟ್ರಿಪ್ ಇದೆ ಬೀಜಿ, ಆಮೇಲೆ ಬರ್ತೀನಿ," ಎಂದ. ಆ 'ಆಮೇಲೆ' ತಿಂಗಳುಗಟ್ಟಲೆ ಬರಲಿಲ್ಲ. ಬಂದಾಗೆಲ್ಲ ಗೇಟಿನ ಹೊರಗಿನಿಂದ ಹಾರ್ನ್. ಒಮ್ಮೆ ಕೈ ಕೊಳೆ, ಒಮ್ಮೆ ತಡವಾಯ್ತು, ಒಮ್ಮೆ ಗಾಡಿ ಅಡ್ಡ ನಿಲ್ಲಿಸಿದೀನಿ.

ಮನೆಯಮ್ಮನ ವಿಷಯ ನ್ಯಾಯವಾಗಿ ಹೇಳಬೇಕು. ಅಂಥ ಒಳ್ಳೆಯವರನ್ನು ನಾನು ಕಡಿಮೆ ನೋಡಿದ್ದೇನೆ. ನಾನೂ ಹೆಂಡತಿಯೂ ಕೆಲಸಕ್ಕೆ ಹೋದ ಮೇಲೆ ಬೀಜಿಗೆ ಅವರೇ ದಿಕ್ಕು. ಒಂದೆಲಗದ ತಂಬುಳಿ ಮಾಡಿ ಕೊಡುತ್ತಿದ್ದರು, ಬಿಸಿ ಎಣ್ಣೆ ತಂದು ಕಾಲಿಗೆ ತಿಕ್ಕುತ್ತಿದ್ದರು, ಅಕ್ಕಾ ಅಕ್ಕಾ ಅಂತ ಕರೆಯುತ್ತಿದ್ದರು. ಸಂಜೆ ಇಬ್ಬರೂ ಕೂತು ಸೀರಿಯಲ್ ನೋಡಿ, ಅದರಲ್ಲಿನ ಸೊಸೆಗೆ ಒಟ್ಟಿಗೆ ಶಾಪ ಹಾಕುತ್ತಿದ್ದರು. ಟೀಚರಾಗಿದ್ದ ಮನೆಯಮ್ಮನ ಶುದ್ಧ ಕನ್ನಡ, ಬೀಜಿಯ ಕಲಸುಮೇಲೋಗರ, ಆದರೂ ಒಬ್ಬರಿಗೊಬ್ಬರು ಅರ್ಥವಾಗದ ದಿನವಿಲ್ಲ. ನನ್ನನ್ನು ರಸ್ತೆಯವರಿಗೆಲ್ಲ ಅವರೇ ಪರಿಚಯ ಮಾಡಿಸಿದರು. "ನೋಡಿದ್ರೆ ಹಂಗೆ ಕಾಣ್ತಾರೆ ಅಷ್ಟೆ, ಸಾಬ್ರಲ್ಲ ಕಣ್ರೀ. ನಮ್ಮ ಥರಾನೇ," ಅನ್ನುತ್ತಿದ್ದರು. ಎದುರುಮನೆಯವರು ಆಗ ಸಮಾಧಾನದಿಂದ ನನಗೆ ನಮಸ್ಕಾರ ಮಾಡುತ್ತಿದ್ದರು. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡ ಅನ್ನುತ್ತಾರಲ್ಲ, ಆ ಮಾತು ಕೇಳಿದಾಗೆಲ್ಲ ನನ್ನ ಕೈ ಪೇಟಕ್ಕೆ ಹೋಗುತ್ತಿತ್ತು.

ಮೇಲಿನ ಮನೆ ಖಾಲಿಯೇ ಇತ್ತು. ಒಂದು ದಿನ ಧೈರ್ಯ ಮಾಡಿ, "ಅಮ್ಮಾ, ಮೇಲಿನ ಮನೆಗೆ ನಮ್ಮ ಪರಿಚಯದವ್ರೊಬ್ರು ಇದಾರೆ," ಅಂದೆ.

"ನಿಮ್ಮ ಪರಿಚಯ ಅಂದ್ಮೇಲೆ ಕೇಳೋದೇನು! ನಿಮ್ಮವ್ರೇ ತಾನೆ? ಪಂಜಾಬಿನವ್ರೇ?"

ಇಲ್ಲ ಅನ್ನಬೇಕಿತ್ತು. ಅಷ್ಟು ಹೊತ್ತಿಗೆ ಬೀಜಿ ವಾಕರ್ ಹಿಡಿದು ನಿಲ್ಲಲು ಕಲಿತಿದ್ದಳು. ಇನ್ನೆರಡು ತಿಂಗಳು ಬಿಡಬೇಡಿ ಅಂತ ಫಿಸಿಯೋದವರು ಹೇಳಿದ್ದರು. "ಅವ್ರಿಗಿನ್ನೂ ಗಟ್ಟಿಯಾಗಿಲ್ಲ, ನೋಡೋಣ ಬಿಡಿ," ಅಂದು ಒಳಗೆ ಬಂದೆ. ಗೇಟಿನಲ್ಲಿ ಆಡಿದ್ದು ಗಾಬರಿಯ ಮಾತು ಅನ್ನಬಹುದು. ಇದನ್ನು ಯೋಚಿಸಿಯೇ ಆಡಿದ್ದು. ಇದನ್ನು ಬಿಟ್ಟು ಬರೆಯುವುದಾದರೆ ಉಳಿದದ್ದನ್ನು ಬರೆಯುವುದೇ ಬೇಡ.

ಅಂಗಡಿಯಲ್ಲಿ ಕೆಲಸ ಎಂದಿನಂತೆ ನಡೆಯುತ್ತಿತ್ತು. ಅವನು ನನ್ನ ಮೇಲೆ ಸಿಟ್ಟಾಗಲಿಲ್ಲ, ಮಾತು ಬಿಡಲಿಲ್ಲ. ಊಟದ ಡಬ್ಬ ಬಿಚ್ಚಿದರೆ ಅರ್ಧ ಪಲ್ಯ ನನ್ನ ಕಡೆಗೆ ಬರುತ್ತಿತ್ತು. ಒಂದೇ ಒಂದು ಬದಲಾಗಿತ್ತು. ಬೆಳಿಗ್ಗೆ ಶಟರ್ ಎತ್ತುವಾಗ, "ಬಂದ್ಯಾ ಮಾರಾಯ," ಅನ್ನುತ್ತಿದ್ದ. ಪೇಟದ ಸಾಬ್ರೆ ಅನ್ನುತ್ತಿರಲಿಲ್ಲ. ಮೊದಲ ವಾರ ನಾನು ಗಮನಿಸಲಿಲ್ಲ. ಗಮನಿಸಿದ ಮೇಲೆ ಬೇರೇನೂ ಕಿವಿಗೆ ಬೀಳದಾಯಿತು. ನಾನಾಗಿಯೇ ಒಮ್ಮೆ, "ನಮಸ್ಕಾರ, ಟೋಪಿ ಸಾಬ್ರೆ," ಅಂದು ನೋಡಿದೆ. "ಹ್ಞೂಂ," ಎಂದು ವೆಲ್ಡಿಂಗ್ ಗಾಜು ಮುಖಕ್ಕೆ ಹಿಡಿದ.

ಒಂದು ಮಧ್ಯಾಹ್ನ ರೈತರೊಬ್ಬರು ಬಂದು, "ಪೇಟದ ಸಾಬ್ರೆ, ಶಾಫ್ಟ್ ಆಯ್ತಾ?" ಎಂದರು. ಗೆಳೆಯ ತಲೆಯೆತ್ತಿ, "ಅವ್ರು ಸಾಬ್ರಲ್ಲ ಯಜಮಾನ್ರೆ, ಸರ್ದಾರ್ಜಿ. ಅವ್ರದೇ ಬೇರೆ," ಎಂದ. ವ್ಯಂಗ್ಯವಿಲ್ಲದೆ, ತಿಳಿಯದವರಿಗೆ ತಿಳಿಸಿ ಹೇಳುವ ಹಾಗೆ ಹೇಳಿದ. ರೈತ ಹೋದ ಮೇಲೆ ಲೇತ್ ನಿಲ್ಲಿಸಿ ಅವನ ಎದುರು ಹೋಗಿ ಕೂತೆ.

"ತಪ್ಪಾಯ್ತು ಮಾರಾಯ," ಅಂದೆ. "ಅವತ್ತು ಗೇಟಲ್ಲಿ."

"ಯಾಕೆ? ನೀನೇನ್ ಸುಳ್ಳು ಹೇಳ್ಲಿಲ್ಲ. ನೀನು ಸಾಬ್ರಲ್ಲ, ಅದು ನಿಜಾನೇ." ಕೈಗವಸು ಬಿಚ್ಚಿ ಪಕ್ಕಕ್ಕಿಟ್ಟ. "ಆರು ಮನೇಲಿ ನಿಂಗೆ ಇಲ್ಲ ಅಂತ ಹೇಳಿ ಕಳ್ಸಿದ್ರಲ್ಲ, ಅದು ನಂಗೆ ಅಂದಿದ್ದು ಕಣೋ. ನಿನ್ನ ತಲೆ ಮೇಲೆ ಬಿತ್ತು ಅಷ್ಟೆ. ಅವತ್ತು ನಿಂಗೊಂದು ಮಾತು ಸಿಕ್ತು, ಹೇಳ್ದೆ, ಗೇಟ್ ತೆಗೆದ್ರು. ನಿನ್ನ ಹಿಂದೆ ನಿಂತ್ಕೊಂಡು ನಾನೂ ಹುಡುಕ್ದೆ. ಏನಂದ್ರೆ ನಂಗೂ ತೆಗೀಬಹುದು ಅಂತ. ಬಾಯ್ತುಂಬಾ ಹುಡುಕ್ದೆ. ನಂಗೆ ಹೇಳೋಕೆ ಅಂಥ ಮಾತೇ ಇಲ್ಲ."

ನಾನು ಏನೋ ಹೇಳಲು ಹೋದೆ. ಅವನು ಕೈಯೆತ್ತಿ ತಡೆದ.

"ಬೀಜಿಗೋಸ್ಕರ ಹೇಳ್ದೆ, ಗೊತ್ತು. ನಾನಾದ್ರೂ ಹೇಳ್ತಿದ್ದೆ. ಆದ್ರೆ 'ಅಷ್ಟೆ' ಅಂದ್ಯಲ್ಲ. ಅದೊಂದು ಬೇಡಿತ್ತು."

ಅವತ್ತು ಮನೆಗೆ ಹೋಗಿ ಬೀಜಿಯ ಹಾಸಿಗೆಯ ಪಕ್ಕ ಕೂತು ಎಲ್ಲವನ್ನೂ ಹೇಳಿಬಿಟ್ಟೆ. ಗೇಟು, ಕಾಗದದ ಲೋಟ, ಮೇಲಿನ ಮನೆ, ಎಲ್ಲವನ್ನೂ. ಅವಳಿಗೋಸ್ಕರ ಮಾಡಿದೆ ಅನ್ನುವುದನ್ನೂ ಸೇರಿಸಿದೆ. ನಾನು ಅಂಥವನೇ. ಅವಳು ಬೈಯಲಿಲ್ಲ. "ನಿನ್ ತಪ್ಪು ನನ್ ಕಾಲು ಮೇಲೆ ಹಾಕ್ಬೇಡ," ಎಂದಳು. ಮುಖವನ್ನು ಗೋಡೆಯ ಕಡೆಗೆ ತಿರುಗಿಸಿಕೊಂಡಳು. ಮರುದಿನದಿಂದ ಫಿಸಿಯೋದವರು ಹತ್ತು ಹೆಜ್ಜೆ ಅಂದರೆ ಇಪ್ಪತ್ತು ಹಾಕತೊಡಗಿದಳು. ಸಾಕು ಅಂದರೆ ಪಂಜಾಬಿಯಲ್ಲಿ ಗದರುತ್ತಿದ್ದಳು. ಏನವಸರ ಅಂತ ಯಾರಿಗೂ ಅರ್ಥವಾಗಲಿಲ್ಲ, ನನಗೂ ಆಗಲಿಲ್ಲ.

ರಂಜಾನ್ ಬಂತು. ಚಿಕ್ಕಂದಿನಿಂದಲೂ ಹಬ್ಬದ ಬೆಳಿಗ್ಗೆ ಅವರ ಮನೆಯ ಶೀರ್ ಕುರ್ಮಾ, ಅಂದರೆ ಹಾಲು ಖರ್ಜೂರ ಹಾಕಿದ ಶ್ಯಾವಿಗೆ, ನಮ್ಮ ಮನೆಗೆ ಬಂದೇ ಬರುತ್ತದೆ. ಈ ಸಲವೂ ನಮಾಜು ಮುಗಿಸಿ ಬಂದು ಗೇಟಿನ ಹೊರಗೆ ಓಮ್ನಿ ನಿಲ್ಲಿಸಿ ಹಾರ್ನ್ ಮಾಡಿದ. ಹೆಂಡತಿ, ಮಗಳು ಗಾಡಿಯಲ್ಲೇ ಇದ್ದರು, ಹೊಸ ಬಟ್ಟೆ ತೊಟ್ಟಿದ್ದರು. ಅವನು ಇಳಿದು ಸ್ಟೀಲ್ ಡಬ್ಬ ಹಿಡಿದು ಗೇಟಿನಾಚೆ ನಿಂತ. ನಾನು ಡಬ್ಬ ಇಸಿದುಕೊಳ್ಳಲು ಹೊರಟೆ.

ಹಿಂದೆ ವಾಕರಿನ ಟಕ್ ಟಕ್ ಸದ್ದು ಕೇಳಿತು. ಬೀಜಿ ಹೊಸ್ತಿಲು ದಾಟುತ್ತಿದ್ದಳು. ಆವರೆಗೆ ಅವಳು ಮನೆಯೊಳಗೆ ಬಿಟ್ಟರೆ ಹೊರಗೆ ನಡೆದವಳಲ್ಲ. ಹಿಡಿಯಲು ಓಡಿದೆ. "ಹಟ್," ಎಂದಳು. ಪಕ್ಕಕ್ಕೆ ಸರಿದೆ. ಬಲಗಾಲು ಇನ್ನೂ ನೆಲ ಕೆರೆಯುತ್ತಿತ್ತು. ಎರಡು ಹೆಜ್ಜೆಗೊಮ್ಮೆ ನಿಂತು ಉಸಿರು ಬಿಡುತ್ತಿದ್ದಳು. ಮನೆಯಮ್ಮ ತಮ್ಮ ಜಗುಲಿಯಲ್ಲಿ ಅವರೆಕಾಯಿ ಬಿಡಿಸುತ್ತ ಕೂತವರು ಎದ್ದು ನಿಂತರು. ಗೆಳೆಯ ಡಬ್ಬವನ್ನು ಎದೆಗೆ ಒತ್ತಿಕೊಂಡಿದ್ದ. ಅವಳು ಗೇಟು ಮುಟ್ಟುವಷ್ಟರಲ್ಲಿ ಅವನ ಕಣ್ಣೀರು ಗಡ್ಡದೊಳಕ್ಕೆ ಇಳಿಯುತ್ತಿತ್ತು.

"ನೀನು ಒಳಗೆ ಬರಲ್ಲ," ಎಂದಳು ಬೀಜಿ. "ಅದಕ್ಕೆ ನಾನು ಹೊರಗೆ ಬಂದೆ."

"ಬೀಜಿ, ಬಿಸ್ಲು..."

"ವಾ ಪುತ್ತರ್. ಡಬ್ಬ ಗಾಡೀಲಿ ಇಡು. ನಿನ್ ಮನೆಗೆ ಹೋಗಿ ತಿನ್ನೋಣ. ಹಬ್ಬ ಅಲ್ಲಿ. ಇಲ್ಲಿ ಇಲ್ಲ."

ಅವನ ಮಗಳು ಇಳಿದು ಓಡಿ ಬಂದು ಒಂದು ತೋಳು ಹಿಡಿದಳು, ಅವನು ಇನ್ನೊಂದು ತೋಳು ಹಿಡಿದ. ಇಬ್ಬರೂ ಎತ್ತಿ ಮುಂದಿನ ಸೀಟಿನಲ್ಲಿ ಕೂರಿಸಿದರು. ಮನೆಯಮ್ಮ ಜಗುಲಿಯಿಂದ, "ಅಕ್ಕಾ, ಈ ಕಾಲಲ್ಲಿ ಎಲ್ಲಿಗೆ ಹೊರಟ್ರಿ?" ಅಂತ ಕೂಗಿದರು.

ಬೀಜಿ ಕಿಟಕಿಯಿಂದ ಕತ್ತು ಹೊರಗೆ ಹಾಕಿದಳು. "ನನ್ನ ಮಗನ ಮನೆಗೆ," ಎಂದಳು. ಈ ವಾಕ್ಯ ಮಾತ್ರ ಒಂದು ಅಕ್ಷರವೂ ಕಲಸದ ಕನ್ನಡದಲ್ಲಿತ್ತು. ಓಮ್ನಿ ಹೋಯಿತು. ನಾನು, ಅವಳ ಮಗ, ಗೇಟಿನ ಒಳಗೆ ಖಾಲಿ ವಾಕರ್ ಹಿಡಿದು ನಿಂತಿದ್ದೆ.

ಮನೆಯಮ್ಮ ಅವರೆಕಾಯಿಯ ಮೊರ ಹಿಡಿದುಕೊಂಡೇ ಹತ್ತಿರ ಬಂದರು. "ಯಾವ ಮಗ? ನಿಮಗೆ ಅಣ್ಣ ಇದಾರೆ ಅಂತ ಹೇಳೇ ಇಲ್ವಲ್ಲ," ಅಂದರು.

"ಅವತ್ತು ಮನೆ ನೋಡೋಕೆ ಜೊತೆಗೆ ಬಂದಿದ್ರಲ್ಲಮ್ಮ, ಅವ್ರೇ," ಅಂದೆ. "ನಾನು ಅವತ್ತು ಸುಳ್ಳು ಹೇಳ್ದೆ. ಅವ್ರು ಸುಮ್ನೆ ಬಂದಿರ್ಲಿಲ್ಲ. ಮೇಲಿನ ಮನೆ ಕೇಳೋಕೆ ಬಂದಿದ್ರು. ನಾವು ಎರಡು ಮನೆ ಕೇಳೋಕೆ ಬಂದಿದ್ವಿ."

ಅಮ್ಮ ಮೊರದಲ್ಲಿದ್ದ ಕಾಳನ್ನು ಸುಮ್ಮನೆ ಒಂದು ಕಡೆಯಿಂದ ಇನ್ನೊಂದು ಕಡೆಗೆ ಸರಿಸಿದರು. ಅವರು ಏನು ಹೇಳುತ್ತಾರೆ ಅಂತ ಕಾಯಲು ನನಗೆ ಪುರುಸೊತ್ತಿರಲಿಲ್ಲ. ಗೆಳೆಯನ ಮನೆಗೆ ನಾಲ್ಕು ಮೆಟ್ಟಿಲಿವೆ, ಹತ್ತಿದ ಮೇಲೆ ಬೀಜಿಗೆ ವಾಕರ್ ಬೇಕು. ಅದನ್ನು ಬೈಕಿನ ಹಿಂದೆ ಹಗ್ಗ ಹಾಕಿ ಬಿಗಿದು, ಗೇಟನ್ನು ತೆರೆದೇ ಬಿಟ್ಟು ಭದ್ರಾವತಿಗೆ ಹೊರಟೆ. ಅಲ್ಲಿ ಅವನು ನನ್ನನ್ನು ಒಳಗೆ ಕರೆಯುತ್ತಾನೋ, ಕಾಗದದ ಲೋಟ ಕೊಡುತ್ತಾನೋ ಗೊತ್ತಿರಲಿಲ್ಲ. ಕೊಟ್ಟರೆ ಕುಡಿದು, ಚೆನ್ನಾಗಿದೆ ಅಂತ ಹೊರಗಿನಿಂದಲೇ ಕೂಗಿ ಹೇಳುವುದು ಅಂದುಕೊಂಡಿದ್ದೆ.